ಉಗಿದೋಣಿ ಹೋಯಿತು, ಅಪಾಯ ಉಳಿಯಿತು

2025ರ ಜುಲೈ 14ರಂದು ಸಾಗರ ತಾಲ್ಲೂಕಿನ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ಸಂಚಾರಕ್ಕೆ ತೆರೆಯಿತು. ಶರಾವತಿಗೆ ಲಿಂಗನಮಕ್ಕಿಯಲ್ಲಿ ಅಣೆಕಟ್ಟೆ ಕಟ್ಟಿದ ಮೇಲೆ ಹಿನ್ನೀರಿನ ಆಚೆ ಉಳಿದುಹೋದ ಊರುಗಳ ಜನ, ಸಿಗಂದೂರಿಗೆ ಹೋಗುವ ಭಕ್ತರು ಲಾಂಚ್‌ಗಾಗಿ ದಂಡೆಯಲ್ಲಿ ಕಾಯುತ್ತಿದ್ದುದು ಇದರಿಂದ ತಪ್ಪಿತು. ಬಸ್ಸು, ಕಾರುಗಳನ್ನೂ ಹೊತ್ತು ದಾಟಿಸುತ್ತಿದ್ದ ಆ ಲಾಂಚ್ ನಡೆಯುತ್ತಿದ್ದುದು ಡೀಸೆಲ್‌ನಿಂದ. ಆದರೆ ಯಂತ್ರ ಕೂರಿಸಿದ ದೋಣಿಗಳ ವಂಶ ಆರಂಭವಾದುದು ಎರಡು ಶತಮಾನಗಳ ಹಿಂದೆ, ಉಗಿಯಿಂದ.

ಅದಕ್ಕೆ ಮೊದಲು ಹೊಳೆಯ ಮೇಲೆ ಹುಟ್ಟು, ಗಳ, ಹಾಯಿಗಳದ್ದೇ ಆಡಳಿತ. ಪ್ರವಾಹಕ್ಕೆ ಎದುರಾಗಿ ಹೋಗಬೇಕಾದರೆ ದಂಡೆಯ ಮೇಲಿನಿಂದ ಹಗ್ಗ ಕಟ್ಟಿ ಎಳೆಯಬೇಕಿತ್ತು. 1807ರಲ್ಲಿ ಅಮೆರಿಕದ ರಾಬರ್ಟ್ ಫುಲ್ಟನ್ ತನ್ನ ಉಗಿದೋಣಿಯನ್ನು ಹಡ್ಸನ್ ನದಿಯಲ್ಲಿ ನ್ಯೂಯಾರ್ಕಿನಿಂದ ಆಲ್ಬನಿಯವರೆಗೆ, ಸುಮಾರು 240 ಕಿ.ಮೀ. ದೂರ, 32 ಗಂಟೆಗಳಲ್ಲಿ ಒಯ್ದ. 1823ರಲ್ಲಿ ಕಲ್ಕತ್ತೆಯಲ್ಲಿ ‘ಡಯಾನಾ’ ನೀರಿಗಿಳಿಯಿತು. 1834ರ ಹೊತ್ತಿಗೆ ಗಂಗಾ ನದಿಯಲ್ಲಿ ಕಲ್ಕತ್ತೆ–ಅಲಹಾಬಾದ್ ನಡುವೆ ಉಗಿದೋಣಿಗಳು ಓಡಾಡತೊಡಗಿದವು.

ಕರ್ನಾಟಕದ ಒಳನಾಡಿನ ನದಿಗಳು ಮಾತ್ರ ಇವಕ್ಕೆ ಒಗ್ಗಲಿಲ್ಲ. ಕೃಷ್ಣೆ, ತುಂಗಭದ್ರೆ, ಕಾವೇರಿಗಳ ಪಾತ್ರದಲ್ಲಿ ಬಂಡೆಗಳು. ಬೇಸಿಗೆಯಲ್ಲಿ ನೀರಿಲ್ಲ, ಮಳೆಗಾಲದಲ್ಲಿ ಮಹಾಪೂರ. ಅಲ್ಲಿ ಗೆದ್ದದ್ದು ಗೇಣುದ್ದ ನೀರಿನಲ್ಲೂ ತೇಲುವ ಹರಿಗೋಲು. ಕಾಳಿ, ಶರಾವತಿ, ನೇತ್ರಾವತಿಗಳು ಘಟ್ಟದಿಂದ ಧುಮುಕಿ ಬರುವ ನದಿಗಳು. ದೊಡ್ಡ ದೋಣಿಗಳಿಗೆ ದಾರಿ ಕೊಡುವುದು ಕೆಳಗಿನ ಸ್ವಲ್ಪ ದೂರ ಮಾತ್ರ. ಮುಂಬಯಿ–ಮಂಗಳೂರು ನಡುವೆ ಕರಾವಳಿಗುಂಟ ಸ್ಟೀಮರುಗಳು ಓಡಿದವಾದರೂ, ಅಳಿವೆಗಳ ಬಾಯಲ್ಲಿ ಮರಳದಿಬ್ಬ ಇದ್ದ ಕಡೆ ಅವು ಹೊರಗೇ ಲಂಗರು ಹಾಕುತ್ತಿದ್ದವು. ಮುಂಬಯಿಗೆ ಹೋಟೆಲ್ ಕೆಲಸ ಹುಡುಕಿ ಹೊರಟ ಕರಾವಳಿಯ ಹುಡುಗರು ಸಣ್ಣ ದೋಣಿಯಲ್ಲಿ ಹೋಗಿ ಸ್ಟೀಮರ್ ಹತ್ತುತ್ತಿದ್ದರು. ಮಳೆಗಾಲದಲ್ಲಿ ಆ ಸಂಚಾರವೂ ಬಂದ್.

ಉಗಿದೋಣಿಯ ದೊಡ್ಡ ಅಪಾಯ ಹೊಳೆಯಲ್ಲಿ ಇರಲಿಲ್ಲ, ಅದರ ಹೊಟ್ಟೆಯೊಳಗೇ ಇತ್ತು. ಬಾಯ್ಲರಿಗೆ ನದಿಯ ನೀರನ್ನೇ ತುಂಬುತ್ತಿದ್ದುದರಿಂದ ಒಳಗೆ ಕೆಸರು ಕಟ್ಟುತ್ತಿತ್ತು. ನೀರಿನ ಮಟ್ಟ ಇಳಿದರೆ ಲೋಹ ಕೆಂಪಗೆ ಕಾಯ್ದು ಬಲಗುಂದುತ್ತಿತ್ತು. ಹೆಚ್ಚಾದ ಉಗಿ ಹೊರಹೋಗಲೆಂದು ಸುರಕ್ಷಾ ಕವಾಟವೊಂದಿತ್ತು. ಎದುರಾಳಿ ದೋಣಿಯನ್ನು ಹಿಂದೆ ಹಾಕುವ ಹುಮ್ಮಸ್ಸಿನಲ್ಲಿ ಅದರ ಮೇಲೆ ಭಾರ ಹೇರಿ ಮುಚ್ಚಿಡುವವರೂ ಇದ್ದರು. 1838ರ ಏಪ್ರಿಲಿನಲ್ಲಿ ಸಿನ್ಸಿನಾಟಿ ಬಳಿ ‘ಮೊಸೆಲ್’ ಬಾಯ್ಲರುಗಳು ಸಿಡಿದು ನೂರಕ್ಕೂ ಹೆಚ್ಚು ಜನ ಸತ್ತರು. ಅದೇ ವರ್ಷ ಅಮೆರಿಕ ತಪಾಸಣೆಯ ಕಾನೂನು ತಂದಿತು. ಅದು ಸಾಲದೆ 1852ರಲ್ಲಿ ಇನ್ನಷ್ಟು ಬಿಗಿಯಾದ ಕಾನೂನು ಬಂತು.

ಕಾನೂನು ಬಂದ ಮೇಲೂ ‘ಸುಲ್ತಾನಾ’ ದುರಂತ ತಪ್ಪಲಿಲ್ಲ. 376 ಜನರಿಗೆಂದು ಕಟ್ಟಿದ ಆ ದೋಣಿಯಲ್ಲಿ 1865ರ ಏಪ್ರಿಲ್ 27ರಂದು ಎರಡು ಸಾವಿರಕ್ಕೂ ಮಿಕ್ಕಿ ಜನರಿದ್ದರು. ಹೆಚ್ಚಿನವರು ಸೆರೆಯಿಂದ ಬಿಡುಗಡೆಯಾಗಿ ಮನೆಗೆ ಹೊರಟಿದ್ದ ಸೈನಿಕರು. ತಲೆಗೆ ಇಷ್ಟೆಂದು ಸರ್ಕಾರ ಬಾಡಿಗೆ ಕೊಡುತ್ತಿತ್ತು. ತಲೆ ಹೆಚ್ಚಿದಷ್ಟೂ ಹಣ. ಸೋರುತ್ತಿದ್ದ ಬಾಯ್ಲರಿಗೆ ತರಾತುರಿಯಲ್ಲಿ ತೇಪೆ ಹಾಕಲಾಗಿತ್ತು. ತುಂಬಿ ಹರಿಯುತ್ತಿದ್ದ ಮಿಸ್ಸಿಸ್ಸಿಪ್ಪಿಯಲ್ಲಿ, ಮೆಂಫಿಸ್ ಬಳಿ, ಬಾಯ್ಲರ್ ಸಿಡಿಯಿತು. ಸಾವಿರಕ್ಕೂ ಹೆಚ್ಚು ಜನ ಸುಟ್ಟು, ಮುಳುಗಿ ಸತ್ತರು.

ಡೀಸೆಲ್ ಬಂದ ಮೇಲೆ ಬಾಯ್ಲರಿನ ಭಯ ಹೋಯಿತು. ತಲೆ ಎಣಿಸದೆ ಹತ್ತಿಸಿಕೊಳ್ಳುವ ಚಾಳಿ ಹೋಗಲಿಲ್ಲ. ಮಲಯಾಳದ ಮಹಾಕವಿ ಕುಮಾರನ್ ಆಶಾನ್ 1924ರ ಜನವರಿ 16ರಂದು ತೀರಿಕೊಂಡದ್ದು ಪಲ್ಲನ ಎಂಬಲ್ಲಿ ‘ರಿಡೀಮರ್’ ಬೋಟು ಮಗುಚಿದಾಗ. 1947ರ ಜುಲೈ 17ರಂದು ಮುಂಬಯಿಯಿಂದ ರೇವಸ್‌ಗೆ ಹೊರಟ ‘ರಾಮದಾಸ್’ ಸ್ಟೀಮರ್ ಮುಂಗಾರಿನ ಕಡಲಲ್ಲಿ ಮುಳುಗಿ ಆರುನೂರಕ್ಕೂ ಹೆಚ್ಚು ಜನ ಸತ್ತರು. 2019ರ ಜನವರಿ 21ರಂದು ಕಾರವಾರದ ಕೂರ್ಮಗಡ ಜಾತ್ರೆಯಿಂದ ಹಿಂತಿರುಗುತ್ತಿದ್ದ ದೋಣಿ ಮಗುಚಿ 16 ಮಂದಿ, 2023ರ ಮೇ 7ರಂದು ಕೇರಳದ ತಾನೂರಿನಲ್ಲಿ ಕಿಕ್ಕಿರಿದು ತುಂಬಿದ್ದ ವಿಹಾರದ ಬೋಟು ಮುಳುಗಿ 22 ಮಂದಿ ತೀರಿಕೊಂಡರು.

ಜನ ಹೆಚ್ಚಾದರೆ ದೋಣಿ ಆಳಕ್ಕೆ ಇಳಿಯುವುದಷ್ಟೇ ಅಲ್ಲ. ಎಲ್ಲರೂ ನಿಂತರೆ, ಮಾಳಿಗೆಯ ಮೇಲೆ ಹತ್ತಿದರೆ ಭಾರವೆಲ್ಲ ಮೇಲಕ್ಕೆ ಸರಿದು ಸಮತೋಲ ಸಡಿಲಾಗುತ್ತದೆ. ಆಗ ಏನನ್ನೋ ನೋಡಲು ಜನ ಒಂದು ಬದಿಗೆ ಧಾವಿಸಿದರೂ ಸಾಕು, ದೋಣಿ ವಾಲುತ್ತದೆ. ಒಳಗೆ ನುಗ್ಗಿದ ನೀರು ಕೂಡ ವಾಲಿದ ಕಡೆಗೇ ಹರಿದು, ಅದು ಮತ್ತೆ ನೇರವಾಗದಂತೆ ಮಾಡುತ್ತದೆ.

ಭಾರತದಲ್ಲಿ ಇದಕ್ಕೆ ಕಾನೂನಿನ ಕೊರತೆಯಿಲ್ಲ. ಒಳನಾಡು ಉಗಿನೌಕೆಗಳ 1917ರ ಕಾಯಿದೆಯೇ ತಪಾಸಣೆಯನ್ನೂ ಚಾಲಕನಿಗೆ ಅರ್ಹತಾ ಪತ್ರವನ್ನೂ ಕಡ್ಡಾಯ ಮಾಡಿತ್ತು. ಅದರ ಜಾಗಕ್ಕೆ 2021ರಲ್ಲಿ ಹೊಸ ಕಾಯಿದೆ ಬಂದಿದೆ. ಆದರೆ ಕಾಯಿದೆ ಕಡವಿಗೆ ಬಂದು ತಲೆ ಎಣಿಸುವುದಿಲ್ಲ. ಕೆಂಪಾಪುರ, ಹೆಬ್ಬಾಳದ ಕಡೆಯವರಿಗೆ ನಿತ್ಯ ಕಾಣುವುದು ಕೆರೆಯ ನೀರು. ಹೊಳೆ, ಕಡಲು ಸಿಗುವುದು ರಜೆಯ ಪ್ರವಾಸದಲ್ಲಿ. ಅಂಥವರು ದೋಣಿ ಹತ್ತುವ ಮೊದಲು ಮೂರು ಸಂಗತಿ ನೋಡಿಕೊಳ್ಳಬೇಕು. ಎಷ್ಟು ಜನರಿಗೆ ಅನುಮತಿಯಿದೆ, ಈಗ ಎಷ್ಟು ಜನ ಕೂತಿದ್ದಾರೆ, ಮಕ್ಕಳೂ ಸೇರಿ ಎಲ್ಲರಿಗೂ ಜೀವರಕ್ಷಕ ಜಾಕೆಟ್ ಇದೆಯೇ. ಜಾಕೆಟ್ ಮೂಲೆಯಲ್ಲಿ ರಾಶಿ ಬಿದ್ದಿದ್ದರೆ ಸಾಲದು, ದೋಣಿ ಹೊರಡುವ ಮೊದಲೇ ಮೈಮೇಲಿರಬೇಕು. ಲೆಕ್ಕ ತಪ್ಪಿದ್ದರೆ ಮುಂದಿನ ದೋಣಿಗೆ ಕಾಯುವುದೇ ಲೇಸು.