ಗೇಮ್ ಮೋಡ್ ಹಾಕಿದರೆ ಟಿವಿ ಹಾಳಾಗುತ್ತದೆಯೇ? 50 ಹರ್ಟ್ಸ್ ಕರೆಂಟಿಗೆ 120 ಹರ್ಟ್ಸ್ ಟಿವಿ ದಂಡವೇ?

ಸ್ಮಾರ್ಟ್ ಟಿವಿಯಲ್ಲಿ ಗೇಮ್ ಆಡುವವರ ನಡುವೆ ಮೂರು ಮಾತುಗಳು ಮತ್ತೆ ಮತ್ತೆ ಕೇಳಿಬರುತ್ತವೆ. ಗೇಮ್ ಮೋಡ್ ಹಾಕಿಟ್ಟರೆ ಪ್ಯಾನೆಲ್ ಬೇಗ ಹೋಗುತ್ತದೆ ಎಂಬುದು ಒಂದು. ನಮ್ಮ ಮನೆಗೆ ಬರುವುದು 50 ಹರ್ಟ್ಸ್ ಕರೆಂಟು, ಅದಕ್ಕೆ 120 ಹರ್ಟ್ಸ್ ಟಿವಿ ತಂದರೆ ದುಡ್ಡು ದಂಡ ಎಂಬುದು ಇನ್ನೊಂದು. ಗೇಮ್ ತಡವರಿಸುತ್ತಿದ್ದರೆ ದುಬಾರಿ ಎಚ್‌ಡಿಎಂಐ ಕೇಬಲ್ ಹಾಕಿ, ಸರಿಹೋಗುತ್ತದೆ ಎಂಬುದು ಮೂರನೆಯದು. ಮೂರೂ ಸುಳ್ಳು. ಎರಡನೆಯದಕ್ಕೆ ಮಾತ್ರ ಒಂದು ಕಾಲದಲ್ಲಿ ಸ್ವಲ್ಪ ಆಧಾರ ಇತ್ತು. ಕೊಳ್ಳೇಗಾಲ ತಾಲ್ಲೂಕಿನ ಸತ್ತೇಗಾಲದವರಿಗೆ ಆ ಹರ್ಟ್ಸ್ ಕಥೆ ಊರ ಪಕ್ಕದ ಕಥೆಯೇ. ಅದಕ್ಕೆ ಆಮೇಲೆ ಬರೋಣ.

ಮೊದಲು, ತೊಂದರೆ ಏನು ಎಂಬುದನ್ನು ನೋಡೋಣ. ಕ್ರಿಕೆಟ್ ಗೇಮ್ ಆಡುತ್ತಿದ್ದೀರಿ ಎಂದುಕೊಳ್ಳಿ. ಚೆಂಡು ಬಂತು, ಸರಿಯಾದ ಹೊತ್ತಿಗೇ ಬಟನ್ ಒತ್ತಿದಿರಿ, ಆದರೂ ಬೌಲ್ಡ್. ಪಕ್ಕದಲ್ಲಿ ಕೂತವರು "ನಿನಗೆ ಟೈಮಿಂಗೇ ಇಲ್ಲ ಬಿಡು" ಅನ್ನುತ್ತಾರೆ. ಟೈಮಿಂಗ್ ಇಲ್ಲದಿರುವುದು ಟಿವಿಗೂ ಇರಬಹುದು. ಗೇಮು ಕಳಿಸಿದ ಚಿತ್ರ ಟಿವಿಯೊಳಗೆ ಬಂದು ಪರದೆಯ ಮೇಲೆ ಮೂಡುವುದಕ್ಕೆ ಸ್ವಲ್ಪ ಸಮಯ ಹಿಡಿಯುತ್ತದೆ. ಇದಕ್ಕೆ ಇನ್‌ಪುಟ್ ಲ್ಯಾಗ್ ಎನ್ನುತ್ತಾರೆ. ಸಿನಿಮಾಕ್ಕೆಂದು ಇರುವ ಚಿತ್ರದ ಮೋಡ್‌ಗಳಲ್ಲಿ ಈ ತಡ ಎಷ್ಟೋ ಟಿವಿಗಳಲ್ಲಿ 100 ಮಿಲಿಸೆಕೆಂಡ್ ಆಸುಪಾಸಿಗೆ ಹೋಗುತ್ತದೆ. ಅಂದರೆ ಒಂದು ಸೆಕೆಂಡಿನ ಹತ್ತನೇ ಒಂದು ಭಾಗ. ಅಷ್ಟರಲ್ಲಿ ಏನಾದೀತು ಅನ್ನಬೇಡಿ. ಗಂಟೆಗೆ 140 ಕಿ.ಮೀ. ವೇಗದ ಚೆಂಡು ಅಷ್ಟು ಹೊತ್ತಿನಲ್ಲಿ ಸುಮಾರು 4 ಮೀಟರ್ ಸಾಗಿರುತ್ತದೆ. ವಿಕೆಟ್‌ನಿಂದ ವಿಕೆಟ್‌ಗೆ ಇರುವುದೇ 20.12 ಮೀಟರ್. ನೀವು ನೋಡುತ್ತಿರುವ ಚೆಂಡು ಗೇಮಿನ ಲೆಕ್ಕದಲ್ಲಿ ಆಗಲೇ 4 ಮೀಟರ್ ಮುಂದೆ ಬಂದಿದೆ!

ಟಿವಿ ಯಾಕೆ ತಡ ಮಾಡುತ್ತದೆ? ಚಿತ್ರವನ್ನು ಚಂದ ಮಾಡುವುದಕ್ಕೆ. ಬಂದ ಚಿತ್ರದ ಕಲೆ ಒರೆಸುವುದು, ಅಂಚು ಚೂಪು ಮಾಡುವುದು, ಬಣ್ಣ ಏರಿಸುವುದು, ಹೀಗೆ ಅದಕ್ಕೆ ಹತ್ತಾರು ಕೆಲಸ. ಎಲ್ಲಕ್ಕಿಂತ ಹೆಚ್ಚು ಕಾಯಿಸುವುದು ಓಟವನ್ನು ನುಣುಪಾಗಿಸುವ ಕೆಲಸ. ಸ್ಯಾಮ್‌ಸಂಗ್ ಇದನ್ನು ಆಟೊ ಮೋಷನ್ ಪ್ಲಸ್ ಎಂದು ಕರೆದರೆ, ಎಲ್‌ಜಿ ಟ್ರೂಮೋಷನ್ ಎನ್ನುತ್ತದೆ, ಸೋನಿ ಮೋಷನ್‌ಫ್ಲೋ ಎನ್ನುತ್ತದೆ. ಎರಡು ಚಿತ್ರಗಳ ನಡುವೆ ಇಲ್ಲದ ಇನ್ನೊಂದು ಚಿತ್ರವನ್ನು ಟಿವಿ ತಾನೇ ಬರೆದು ಸೇರಿಸುತ್ತದೆ. ನಡುವಿನದನ್ನು ಬರೆಯಬೇಕಾದರೆ ಮುಂದಿನದು ಏನೆಂದು ಗೊತ್ತಿರಬೇಕಲ್ಲವೇ? ಹಾಗಾಗಿ ಮುಂದಿನ ಚಿತ್ರ ಕೈಗೆ ಬರುವವರೆಗೆ ಹಿಂದಿನದನ್ನು ಹಿಡಿದಿಟ್ಟುಕೊಳ್ಳುತ್ತದೆ. ಸೀರಿಯಲ್ ನೋಡುವಾಗ ಇದು ಗೊತ್ತೇ ಆಗುವುದಿಲ್ಲ, ಏಕೆಂದರೆ ಟಿವಿ ಮಾತನ್ನೂ ಅಷ್ಟೇ ತಡ ಮಾಡಿ ಕೇಳಿಸುತ್ತದೆ. ಗೇಮಿನಲ್ಲಿ ನಿಮ್ಮ ಬೆರಳು ಕಾಯುವುದಿಲ್ಲ, ಗುಟ್ಟು ಬಯಲಾಗುತ್ತದೆ.

ಗೇಮ್ ಮೋಡ್ ಮಾಡುವುದು ಇಷ್ಟೇ: ಈ ಅಲಂಕಾರದ ಕೆಲಸಗಳಲ್ಲಿ ಬಹುಪಾಲನ್ನು ನಿಲ್ಲಿಸಿ, ಬಂದ ಚಿತ್ರವನ್ನು ಬಂದ ಹಾಗೇ ಪರದೆಗೆ ಕಳಿಸುತ್ತದೆ. ಈಗಿನ ಎಷ್ಟೋ ಟಿವಿಗಳಲ್ಲಿ ತಡ 10–20 ಮಿಲಿಸೆಕೆಂಡಿಗೆ ಇಳಿಯುತ್ತದೆ. ಇದರಲ್ಲಿ ಟಿವಿಗೆ ಕೆಲಸ ಹೆಚ್ಚುವುದಿಲ್ಲ, ಕಡಿಮೆಯಾಗುತ್ತದೆ. ಪ್ಯಾನೆಲ್ ಸುಡುತ್ತದೆ ಎಂಬ ಮಾತು ತಲೆಕೆಳಗು. ಒಂದು ವಿಷಯ ಮಾತ್ರ ನಿಜ. ಕೆಲವು ಟಿವಿಗಳು ಗೇಮ್ ಮೋಡ್‌ನಲ್ಲಿ ಹಿಂಬದಿಯ ಬೆಳಕನ್ನು ಪೂರ್ತಿ ಏರಿಸಿಬಿಡುತ್ತವೆ. ಕರೆಂಟು ಸ್ವಲ್ಪ ಹೆಚ್ಚು ಉರಿಯುವುದು ಅದರಿಂದ. ಅದನ್ನು ನೀವೇ ಇಳಿಸಬಹುದು. ಒಎಲ್‌ಇಡಿ ಟಿವಿ ಇದ್ದವರು ಇನ್ನೊಂದು ಎಚ್ಚರ ವಹಿಸಬೇಕು. ಸ್ಕೋರು, ನಕ್ಷೆ ಮುಂತಾದ ಅಲುಗಾಡದ ಗುರುತುಗಳು ದಿನಗಟ್ಟಲೆ ಒಂದೇ ಜಾಗದಲ್ಲಿ ನಿಂತರೆ ಅಚ್ಚು ಉಳಿದುಬಿಡಬಹುದು. ನಮ್ಮ ಹೆಚ್ಚಿನ ಮನೆಗಳಲ್ಲಿರುವ ಸಾಮಾನ್ಯ ಎಲ್‌ಇಡಿ ಟಿವಿಗೆ ಆ ಭಯ ಇಲ್ಲದಷ್ಟು ಕಡಿಮೆ.

ಎಲ್ಲಿದೆ ಈ ಗೇಮ್ ಮೋಡ್?

ಗೇಮ್ ಓಡುತ್ತಿರುವಾಗಲೇ ಸೆಟ್ಟಿಂಗ್ಸ್ ತೆರೆಯಿರಿ. ಹೆಚ್ಚಿನ ಟಿವಿಗಳು ಪ್ರತಿ ಇನ್‌ಪುಟ್‌ಗೂ ಬೇರೆ ಬೇರೆ ಸೆಟ್ಟಿಂಗ್ ನೆನಪಿಟ್ಟುಕೊಳ್ಳುತ್ತವೆ. ಸೆಟ್‌ಟಾಪ್ ಬಾಕ್ಸಿನಲ್ಲಿ ಬದಲಿಸಿದ್ದು ಗೇಮಿನ ಎಚ್‌ಡಿಎಂಐಗೆ ತಾಗದೇ ಇರಬಹುದು. ಸೋನಿಯಲ್ಲಿ ಪಿಕ್ಚರ್ ಮೋಡ್ ಪಟ್ಟಿಯಲ್ಲೇ ಗೇಮ್ ಇರುತ್ತದೆ, ಎಲ್‌ಜಿಯ ಹೊಸ ಟಿವಿಗಳಲ್ಲಿ ಅದರ ಹೆಸರು ಗೇಮ್ ಆಪ್ಟಿಮೈಜರ್. ಸ್ಯಾಮ್‌ಸಂಗ್ ಇದನ್ನು ಪಿಕ್ಚರ್ ಪಟ್ಟಿಯಲ್ಲಿಡದೆ ಜನರಲ್ ಅಥವಾ ಕನೆಕ್ಷನ್ ಒಳಗೆ ಅವಿತಿಟ್ಟಿದೆ, ಅದಕ್ಕೇ ಎಷ್ಟೋ ಜನ ಹುಡುಕಿ ಸಿಗದೆ ಕೈಬಿಡುತ್ತಾರೆ. ಬೇರೆ ಕಂಪನಿಗಳ ಆಂಡ್ರಾಯ್ಡ್ ಟಿವಿಗಳಲ್ಲೂ ಪಿಕ್ಚರ್ ಮೋಡ್‌ನಲ್ಲೇ ಮೊದಲು ನೋಡಿ. ಪಿಎಸ್5, ಎಕ್ಸ್‌ಬಾಕ್ಸ್ ಇದ್ದು ಟಿವಿಯೂ ಹೊಸದಾಗಿದ್ದರೆ ಆಟೊ ಲೋ ಲೇಟೆನ್ಸಿ ಎಂಬ ಏರ್ಪಾಡು ತಾನಾಗಿಯೇ ಗೇಮ್ ಮೋಡಿಗೆ ಹಾರುತ್ತದೆ.

ಹಾಕಿದ ತಕ್ಷಣ ಚಿತ್ರ ಪೇಲವ ಕಾಣುತ್ತದೆ. ಇಲ್ಲೇ ಹೆಚ್ಚಿನವರು "ಟಿವಿ ಕೆಟ್ಟಿತು" ಎಂದು ವಾಪಸು ಹೋಗುವುದು. ಕೆಟ್ಟಿಲ್ಲ, ಮೇಕಪ್ ತೆಗೆದಿದೆ ಅಷ್ಟೇ. ಬೇಕಾದಷ್ಟನ್ನು ನೀವೇ ತಿದ್ದಿಕೊಳ್ಳಿ. ಬ್ಯಾಕ್‌ಲೈಟ್ ಮತ್ತು ಬ್ರೈಟ್‌ನೆಸ್ ಒಂದೇ ಎಂದು ತಿಳಿಯಬೇಡಿ. ಬ್ಯಾಕ್‌ಲೈಟ್ ಎಂದರೆ ಪರದೆಯ ಬೆಳಕು, ಹಗಲು ಏರಿಸಿ ರಾತ್ರಿ ಇಳಿಸುವುದು ಅದನ್ನು. ಬ್ರೈಟ್‌ನೆಸ್ ಎಂಬುದು ಎಷ್ಟೋ ಟಿವಿಗಳಲ್ಲಿ ಕಪ್ಪು ಎಷ್ಟು ಕಪ್ಪಾಗಿರಬೇಕು ಎಂಬುದರ ಅಳತೆ. ಅದನ್ನು ಏರಿಸಿದರೆ ಕಪ್ಪೆಲ್ಲ ಬೂದಿ ಬಣ್ಣವಾಗುತ್ತದೆ, ತೀರ ಇಳಿಸಿದರೆ ಕತ್ತಲಲ್ಲಿ ಅಡಗಿರುವ ಎದುರಾಳಿ ಕಾಣಿಸುವುದಿಲ್ಲ. ಶಾರ್ಪ್‌ನೆಸ್ ಹೆಚ್ಚಿದಷ್ಟೂ ಒಳ್ಳೆಯದೆಂಬುದು ಇನ್ನೊಂದು ತಪ್ಪು ತಿಳಿವಳಿಕೆ. ಅದು ಹೊಸ ವಿವರವನ್ನೇನೂ ತರುವುದಿಲ್ಲ, ಅಕ್ಷರಗಳ ಸುತ್ತ ಬಿಳಿ ಗೆರೆ ಎಳೆಯುತ್ತದೆ. ಸಾಕಷ್ಟು ಇಳಿಸಿ. ಬಣ್ಣ ನೀಲಿ ನೀಲಿ ಎನಿಸಿದರೆ ಕಲರ್ ಟೋನ್ ಅನ್ನು ವಾರ್ಮ್ ಕಡೆಗೆ ತಿರುಗಿಸಿ. ಸ್ಕೋರ್ ಪಟ್ಟಿಯ ಅಂಚು ಕತ್ತರಿಸಿ ಹೋಗಿದ್ದರೆ ಪಿಕ್ಚರ್ ಸೈಜ್‌ನಲ್ಲಿ ಫಿಟ್ ಟು ಸ್ಕ್ರೀನ್ ಅಥವಾ ಜಸ್ಟ್ ಸ್ಕ್ಯಾನ್ ಆರಿಸಿ.

ನಂಬಿಕೆ ಬರದಿದ್ದರೆ ಪರೀಕ್ಷೆ ಮಾಡಿ. ಫೋನಿನ ಸ್ಲೋ ಮೋಷನ್ ಕ್ಯಾಮೆರಾದಲ್ಲಿ ಬಟನ್ ಒತ್ತುವ ಬೆರಳೂ ಟಿವಿ ಪರದೆಯೂ ಒಟ್ಟಿಗೆ ಕಾಣುವಂತೆ ವಿಡಿಯೊ ಮಾಡಿ. ಬೆರಳು ಒತ್ತಿದ ಮೇಲೆ ಪರದೆಯಲ್ಲಿ ಅಲುಗಾಟ ಕಾಣುವವರೆಗೆ ಎಷ್ಟು ಫ್ರೇಮ್ ಹೋಯಿತೆಂದು ಎಣಿಸಿ. ಸೆಕೆಂಡಿಗೆ 240 ಫ್ರೇಮಿನ ವಿಡಿಯೊ ಆದರೆ ಒಂದು ಫ್ರೇಮಿಗೆ ಸುಮಾರು 4 ಮಿಲಿಸೆಕೆಂಡ್, 120 ಆದರೆ ಸುಮಾರು 8. ಈ ಎಣಿಕೆಯಲ್ಲಿ ಗೇಮಿನ ತಡ, ಕಂಟ್ರೋಲರಿನ ತಡ ಕೂಡ ಸೇರಿರುತ್ತವೆ. ಹಾಗಾಗಿ ಸಿನಿಮಾ ಮೋಡ್‌ನಲ್ಲಿ ಒಮ್ಮೆ, ಗೇಮ್ ಮೋಡ್‌ನಲ್ಲಿ ಒಮ್ಮೆ ಎಣಿಸಿ, ನಡುವಿನ ವ್ಯತ್ಯಾಸ ನೋಡಿ. ಆ ವ್ಯತ್ಯಾಸ ಟಿವಿಯದು. ಇಎಂಐ ಹಾಕಿ ಹೊಸ ಟಿವಿ ತರುವ ಮೊದಲು ಇದನ್ನೊಮ್ಮೆ ಮಾಡಿ ನೋಡುವುದು ಒಳ್ಳೆಯದು.

ಶಿವನಸಮುದ್ರದ 25, ಮನೆಯ 50, ಟಿವಿಯ 120

ಈಗ ಹರ್ಟ್ಸ್ ವಿಚಾರ. ಹರ್ಟ್ಸ್ ಎಂದರೆ ಒಂದು ಸೆಕೆಂಡಿಗೆ ಎಷ್ಟು ಬಾರಿ, ಅಷ್ಟೇ. ಯಾವುದು ಅಷ್ಟು ಬಾರಿ ಆಗುತ್ತದೆ ಎಂಬುದನ್ನು ಕೇಳಿಕೊಳ್ಳದೆ ಲೆಕ್ಕ ಹಾಕುವುದರಿಂದ ಗೊಂದಲ. ಕರೆಂಟಿನ 50 ಹರ್ಟ್ಸ್ ಎಂದರೆ ವಿದ್ಯುತ್ತು ಸೆಕೆಂಡಿಗೆ 50 ಸಲ ಹಿಂದೆ ಮುಂದೆ ಓಡಾಡುತ್ತದೆ ಎಂದು. ಟಿವಿಯ 120 ಹರ್ಟ್ಸ್ ಎಂದರೆ ಪರದೆ ಸೆಕೆಂಡಿಗೆ 120 ಸಲ ಹೊಸ ಚಿತ್ರ ತೋರಿಸಬಲ್ಲದು ಎಂದು. ಎರಡಕ್ಕೂ ಸಂಬಂಧ ಇಲ್ಲ.

ಕರೆಂಟಿನ ಹರ್ಟ್ಸ್ ಕೂಡ ದೇವರು ಬರೆದ ಸಂಖ್ಯೆಯಲ್ಲ. ಸತ್ತೇಗಾಲದಿಂದ ಕೆಲವೇ ಕಿಲೋಮೀಟರ್ ದೂರದ ಶಿವನಸಮುದ್ರದಲ್ಲಿ ದಿವಾನ್ ಶೇಷಾದ್ರಿ ಅಯ್ಯರ್ ಕಾಲದಲ್ಲಿ ಕೈಗೆತ್ತಿಕೊಂಡ ವಿದ್ಯುತ್ ಕೇಂದ್ರ 1902ರಲ್ಲಿ ಶುರುವಾಯಿತು. ಸುಮಾರು 147 ಕಿ.ಮೀ. ತಂತಿ ಎಳೆದು ಅಲ್ಲಿಂದ ಕೋಲಾರದ ಚಿನ್ನದ ಗಣಿಗೆ ಕಳಿಸಿದ ವಿದ್ಯುತ್ತಿನ ಹರ್ಟ್ಸ್ 25. ದೊಡ್ಡ, ನಿಧಾನದ ಮೋಟಾರುಗಳಿಗೆ ಅದು ಹೊಂದುತ್ತಿತ್ತು. ಅಮೆರಿಕದ ನಯಾಗರದಲ್ಲೂ ಆಗ 25 ಹರ್ಟ್ಸೇ ಇತ್ತು. ದೀಪಕ್ಕೆ ಮಾತ್ರ ಅದು ಚೆನ್ನಲ್ಲ, ಬಲ್ಬು ಸಣ್ಣಗೆ ಮಿಡಿಯುವುದು ಕಣ್ಣಿಗೆ ಗೊತ್ತಾಗುತ್ತದೆ. ಈಗ ದೇಶಕ್ಕೆಲ್ಲ 50. 2013ರ ಡಿಸೆಂಬರ್ 31ರಂದು ದಕ್ಷಿಣದ ಜಾಲವೂ ಉಳಿದ ದೇಶದ ಜಾಲಕ್ಕೆ ಸೇರಿದ ಮೇಲೆ ಸತ್ತೇಗಾಲದ ಮನೆಗೂ ದೆಹಲಿಯ ಮನೆಗೂ ಒಂದೇ ತಾಳ.

ಹಾಗಾದರೆ ಆ ಮಾತಿಗೆ ಆಧಾರ ಇತ್ತು ಎಂದೆನಲ್ಲ, ಅದೇನು? ದಪ್ಪ ಗಾಜಿನ ಹಳೆಯ ಟಿವಿಗಳ ಕಾಲದಲ್ಲಿ ಕರೆಂಟಿನ ತಾಳಕ್ಕೂ ಚಿತ್ರದ ತಾಳಕ್ಕೂ ಹೊಂದಾಣಿಕೆ ಇಲ್ಲದಿದ್ದರೆ ಪರದೆಯಲ್ಲಿ ಪಟ್ಟೆಗಳು ತೇಲುತ್ತಿದ್ದವು. ಅದಕ್ಕೆ 50 ಹರ್ಟ್ಸ್ ಕರೆಂಟಿನ ದೇಶಗಳು ಸೆಕೆಂಡಿಗೆ 50 ಅರ್ಧ ಚಿತ್ರಗಳ, ಅಂದರೆ 25 ಪೂರ್ಣ ಚಿತ್ರಗಳ ಪದ್ಧತಿ ಇಟ್ಟುಕೊಂಡವು. ನಮ್ಮ ದೂರದರ್ಶನದ್ದೂ ಅದೇ. ಅಮೆರಿಕ, ಜಪಾನ್ 60 ಅರ್ಧ ಚಿತ್ರಗಳ ಲೆಕ್ಕ ಹಿಡಿದವು. ಆ ಕಾಲದ ಎಷ್ಟೋ ವಿಡಿಯೊ ಗೇಮುಗಳು 50ರ ದೇಶಗಳಲ್ಲಿ ಆರರಲ್ಲೊಂದು ಪಾಲು ನಿಧಾನವಾಗಿ ಓಡುತ್ತಿದ್ದವು ಕೂಡ. ಈಗಿನ ಟಿವಿ ಹಾಗಲ್ಲ. ಗೋಡೆಯಿಂದ ಬಂದ ಕರೆಂಟನ್ನು ಮೊದಲೇ ಬ್ಯಾಟರಿಯಂಥ ನೇರ ವಿದ್ಯುತ್ತಾಗಿ ಬದಲಿಸಿಕೊಳ್ಳುತ್ತದೆ, ಚಿತ್ರದ ತಾಳಕ್ಕೆ ತನ್ನದೇ ಗಡಿಯಾರ ಇಟ್ಟುಕೊಂಡಿದೆ. ನಿಮ್ಮ ಟಿವಿಯ ಬೆನ್ನ ಮೇಲಿನ ಚೀಟಿ ಓದಿ. ಅಲ್ಲಿರುವ 50 ಅಥವಾ 50/60 ಹರ್ಟ್ಸ್ ಎಂಬುದು ಪ್ಲಗ್ಗಿನ ಲೆಕ್ಕ, ಪರದೆಯದ್ದಲ್ಲ.

120 ಹರ್ಟ್ಸ್ ಟಿವಿ ದಂಡವಾಗುವುದು ಬೇರೆ ಕಾರಣಕ್ಕೆ. ಪಿಎಸ್4, ಮೊದಲ ನಿಂಟೆಂಡೊ ಸ್ವಿಚ್ ಇಂಥವು ಟಿವಿಗೆ ಕೊಡುವುದೇ 60. ಪಿಎಸ್5, ಎಕ್ಸ್‌ಬಾಕ್ಸ್ ಸೀರೀಸ್, ಒಳ್ಳೆಯ ಕಂಪ್ಯೂಟರ್ ಇಂಥವು ಇದ್ದರೆ ಮಾತ್ರ 120ರ ಪ್ರಯೋಜನ. ಅಂಗಡಿಯಲ್ಲಿ ಡಬ್ಬದ ಮೇಲೆ "ಮೋಷನ್ ರೇಟ್ 120" ಎಂದೋ 200 ಎಂದೋ ದಪ್ಪ ಅಕ್ಷರ ಕಂಡು ಮರುಳಾಗಬೇಡಿ, ಅದು ಹೆಚ್ಚಾಗಿ ಜಾಹೀರಾತಿನ ಲೆಕ್ಕ. ನೇಟಿವ್ ರಿಫ್ರೆಶ್ ರೇಟ್ ಎಷ್ಟು ಎಂದು ಕೇಳಿ. ಹಾಗೇ "1 ಮಿಲಿಸೆಕೆಂಡ್" ಎಂದಿದ್ದರೆ ಅದು ಪರದೆಯ ಚುಕ್ಕಿ ಬಣ್ಣ ಬದಲಿಸುವ ವೇಗ, ಇನ್‌ಪುಟ್ ಲ್ಯಾಗ್ ಅಲ್ಲ.

ನಮ್ಮ ಕಡೆ ಟಿವಿಯನ್ನು ನಿಜವಾಗಿ ಕೊಲ್ಲುವುದು ಸಿಡಿಲು ಮತ್ತು ವೋಲ್ಟೇಜಿನ ಏರುಪೇರು. ಗುಡುಗು ಶುರುವಾಗುವ ಮೊದಲೇ ಪ್ಲಗ್ ಕೀಳಿ, ಡಿಶ್ಶಿನ ವೈರನ್ನೂ ಕೀಳಿ.

ಕೇಬಲ್ ವಿಷಯ ಚುಟುಕು. ಎಚ್‌ಡಿಎಂಐ ಕೇಬಲ್ ಕೆಟ್ಟರೆ ಚಿತ್ರ ಹೋಗಿ ಬಂದು ಮಾಡುತ್ತದೆ, ಚುಕ್ಕಿ ಮಿನುಗುತ್ತದೆ, ಇಲ್ಲವೇ ಪರದೆ ಕಪ್ಪಾಗುತ್ತದೆ. ತಡ ಮಾತ್ರ ಅದರಿಂದ ಬರುವುದಿಲ್ಲ. 4ಕೆ 120 ಹರ್ಟ್ಸ್ ಬೇಕಾದವರು ಅಲ್ಟ್ರಾ ಹೈ ಸ್ಪೀಡ್ ಗುರುತಿನ ಕೇಬಲ್ ತೆಗೆದುಕೊಳ್ಳಿ, ಉಳಿದವರಿಗೆ ಈಗಿರುವುದೇ ಸಾಕು.

ಫೋನಿನ ಗೇಮು ಟಿವಿಯಲ್ಲಿ ಆಡುವವರಿಗೆ

ನಮ್ಮಲ್ಲಿ ಹೆಚ್ಚು ಜನ ಮಾಡುವುದು ಇದನ್ನೇ, ಫೋನಿನ ಪರದೆಯನ್ನು ಕಾಸ್ಟ್ ಮಾಡಿ ಟಿವಿಯಲ್ಲಿ ನೋಡುತ್ತಾ ಆಡುವುದು. ಇಲ್ಲಿ ಗೇಮ್ ಮೋಡ್ ಹೆಚ್ಚೇನೂ ಮಾಡಲಾರದು. ಫೋನು ಪ್ರತಿ ಚಿತ್ರವನ್ನೂ ಒತ್ತಿ ಚಿಕ್ಕದು ಮಾಡಿ ವೈಫೈನಲ್ಲಿ ಕಳಿಸಬೇಕು, ಟಿವಿ ಅದನ್ನು ಬಿಚ್ಚಿ ತೋರಿಸಬೇಕು. ತಡ ಹುಟ್ಟುವುದು ಆ ದಾರಿಯಲ್ಲಿ. ರೂಟರ್ ಹತ್ತಿರವಿದ್ದು 5 ಗಿಗಾಹರ್ಟ್ಸ್ ವೈಫೈ ಬಳಸಿದರೆ ಸ್ವಲ್ಪ ಇಳಿಯಬಹುದು, ಪೂರ್ತಿ ಹೋಗುವುದಿಲ್ಲ. ಚೆಸ್, ಲೂಡೊಗೆ ಪರವಾಗಿಲ್ಲ, ಗುಂಡು ಹಾರಿಸುವ ಆಟಕ್ಕೆ ಆಗದು.

ತಂತಿ ಹಾಕೋಣ ಎಂದು ಟೈಪ್-ಸಿಯಿಂದ ಎಚ್‌ಡಿಎಂಐ ಕೇಬಲ್ ತರುವವರೂ ಇದ್ದಾರೆ. ಕಡಿಮೆ ಬೆಲೆಯ ಎಷ್ಟೋ ಫೋನುಗಳ ಟೈಪ್-ಸಿ ಕಿಂಡಿಯಿಂದ ಚಿತ್ರ ಹೊರಗೆ ಬರುವುದೇ ಇಲ್ಲ, ಅದು ಚಾರ್ಜಿಗೂ ಫೈಲ್ ಕಳಿಸುವುದಕ್ಕೂ ಮಾತ್ರ. ಫೋನಿನ ವಿವರದಲ್ಲಿ ಡಿಸ್‌ಪ್ಲೇಪೋರ್ಟ್ ಎಂದಿದ್ದರೆ ಮಾತ್ರ ಕೆಲಸ ಮಾಡುತ್ತದೆ. ಕೊಳ್ಳೇಗಾಲದ ಅಂಗಡಿಗೆ ಹೋದರೆ ಫೋನನ್ನೇ ಅಲ್ಲಿನ ಟಿವಿಗೆ ಸಿಕ್ಕಿಸಿ ನೋಡಿ, ಚಿತ್ರ ಬಂದ ಮೇಲೆ ದುಡ್ಡು ಕೊಡಿ.

ಕಣ್ಣು, ಫಿಟ್ಸ್

ಗೇಮ್ ಮೋಡ್‌ನಿಂದ ಕಣ್ಣು ಹಾಳಾಗುವುದಿಲ್ಲ. ಗೇಮಿನಲ್ಲಿ ಮುಳುಗಿದಾಗ ನಾವು ರೆಪ್ಪೆ ಬಡಿಯುವುದು ಕಡಿಮೆಯಾಗುತ್ತದೆ, ಉರಿ ಬರುವುದು ಅದರಿಂದ. ಆಗಾಗ ಎದ್ದು ದೂರ ನೋಡಿದರೆ ಕಡಿಮೆಯಾಗುತ್ತದೆ.

ನಿಜವಾಗಿ ಗಮನಿಸಬೇಕಾದ್ದು ಮಿಂಚಿನಂತೆ ಹೊಳೆಯುವ ದೃಶ್ಯಗಳನ್ನು. 1997ರ ಡಿಸೆಂಬರ್ 16ರಂದು ಜಪಾನಿನಲ್ಲಿ ಪೊಕೆಮಾನ್ ಕಾರ್ಟೂನಿನ ಒಂದು ಕಂತಿನಲ್ಲಿ ಕೆಂಪು ನೀಲಿ ಬೆಳಕು ಸೆಕೆಂಡಿಗೆ ಸುಮಾರು 12 ಬಾರಿ ಹೊಳೆಯಿತು. 600ಕ್ಕೂ ಹೆಚ್ಚು ಜನ, ಬಹುಪಾಲು ಮಕ್ಕಳು, ಆಸ್ಪತ್ರೆ ಸೇರಬೇಕಾಯಿತು. ಬೆಳಕಿನ ಮಿಡಿತಕ್ಕೆ ಫಿಟ್ಸ್ ಬರುವವರು ಕೆಲವೇ ಜನ, ಆದರೆ ಅದು ಮೊದಲೇ ಗೊತ್ತಿರುವುದಿಲ್ಲ. ಕೋಣೆಯ ದೀಪ ಹಾಕಿಕೊಂಡು, ದೂರ ಕೂತು, ಬ್ಯಾಕ್‌ಲೈಟ್ ಇಳಿಸಿ ಆಡಲಿ. ಗೇಮಿನ ಸೆಟ್ಟಿಂಗ್ಸ್‌ನಲ್ಲಿ ಫ್ಲ್ಯಾಶ್ ಕಡಿಮೆ ಮಾಡುವ ಆಯ್ಕೆ ಇದ್ದರೆ ಹಾಕಿ. ಮನೆಯಲ್ಲಿ ಯಾರಿಗಾದರೂ ಹಿಂದೆ ಫಿಟ್ಸ್ ಬಂದಿದ್ದರೆ ಡಾಕ್ಟರನ್ನು ಕೇಳದೆ ಇಂಥ ಆಟ ಬೇಡ.

ಆಡುತ್ತಲೇ ಮಗುವಿಗೆ ಫಿಟ್ಸ್ ಬಂದರೆ ಕೈಗೆ ಕಬ್ಬಿಣದ ಬೀಗದ ಕೈ ಕೊಡುವುದು, ಮೂಗಿಗೆ ಈರುಳ್ಳಿ ಹಿಡಿಯುವುದು, ಬಾಯಿಗೆ ಚಮಚ ಇಡುವುದು ಯಾವುದೂ ಬೇಡ. ಅದುಮಿ ಹಿಡಿಯಬೇಡಿ. ಸುತ್ತಲಿನ ಗಟ್ಟಿ ವಸ್ತು ಸರಿಸಿ, ಪಕ್ಕಕ್ಕೆ ಹೊರಳಿಸಿ ಮಲಗಿಸಿ, ಗಡಿಯಾರ ನೋಡಿಕೊಳ್ಳಿ. 5 ನಿಮಿಷ ದಾಟಿದರೆ, ಮತ್ತೆ ಮತ್ತೆ ಬಂದರೆ ಅಥವಾ ಬಂದದ್ದು ಇದೇ ಮೊದಲಾದರೆ 108ಕ್ಕೆ ಕರೆ ಮಾಡಿ.