ಅಮಾನತು ಆದೇಶಕ್ಕೆ ಕಾನೂನು ವಿಧಿಸಿರುವ ಮಿತಿ

ಪಂಚಾಯತಿ ಅಭಿವೃದ್ಧಿ ಅಧಿಕಾರಿಯನ್ನು ಅಮಾನತುಗೊಳಿಸಬೇಕೆಂದು ಗ್ರಾಮ ಪಂಚಾಯತಿ ಸಾಮಾನ್ಯ ಸಭೆಯಲ್ಲಿ ನಿರ್ಣಯ ಅಂಗೀಕರಿಸುವುದುಂಟು. ಅಂತಹ ನಿರ್ಣಯವು ದೂರಿನ ಸ್ವರೂಪದ್ದೇ ಹೊರತು ಆದೇಶವಾಗದು. ಕರ್ನಾಟಕ ನಾಗರಿಕ ಸೇವಾ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳು, 1957ರ 10ನೇ ನಿಯಮದಂತೆ ನೇಮಕಾತಿ ಪ್ರಾಧಿಕಾರ, ಅದರ ಮೇಲಿನ ಪ್ರಾಧಿಕಾರ ಅಥವಾ ಸರ್ಕಾರವು ಅಧಿಕಾರ ನೀಡಿದ ಪ್ರಾಧಿಕಾರ ಮಾತ್ರ ಸರ್ಕಾರಿ ನೌಕರರನ್ನು ಅಮಾನತಿನಲ್ಲಿಡಬಹುದು. ನೌಕರರು 48 ಗಂಟೆ ಮೀರಿ ಬಂಧನದಲ್ಲಿದ್ದರೆ ಅಮಾನತಾದಂತೆಯೇ ಭಾವಿಸಲಾಗುತ್ತದೆ.

ಅಮಾನತು ಶಿಕ್ಷೆಯಲ್ಲ. ದಾಖಲೆ ತಿದ್ದದಂತೆ, ಸಾಕ್ಷಿಗಳ ಮೇಲೆ ಪ್ರಭಾವ ಬೀರದಂತೆ ಕೈಗೊಳ್ಳುವ ತಾತ್ಕಾಲಿಕ ಕ್ರಮ. ಆದುದರಿಂದಲೇ ಅದನ್ನು ವರ್ಷಗಟ್ಟಲೆ ಎಳೆಯುವಂತಿಲ್ಲ. ಅಜಯ್ ಕುಮಾರ್ ಚೌಧರಿ ಪ್ರಕರಣದಲ್ಲಿ (2015) ಸರ್ವೋಚ್ಚ ನ್ಯಾಯಾಲಯವು, 3 ತಿಂಗಳೊಳಗೆ ದೋಷಾರೋಪಣಾ ಪಟ್ಟಿ ಜಾರಿಯಾಗದಿದ್ದರೆ ಅಮಾನತು ಮುಂದುವರಿಯಬಾರದೆಂದೂ, ಜಾರಿಯಾಗಿದ್ದರೆ ವಿಸ್ತರಣೆಗೆ ಕಾರಣಸಹಿತ ಆದೇಶ ಹೊರಡಿಸಬೇಕೆಂದೂ ಹೇಳಿದೆ. ಸ್ಥಳೀಯ ಸಂಪರ್ಕ ತಪ್ಪಿಸಲು ಬೇರೆಡೆಗೆ ವರ್ಗಾಯಿಸುವ ಅವಕಾಶವನ್ನೂ ಅದೇ ತೀರ್ಪು ತೆರೆದಿಟ್ಟಿದೆ. ಬಹುತೇಕ ದೂರುಗಳಿಗೆ ಇಷ್ಟೇ ಸಾಕಾದೀತು.

ಜೀವನಾಧಾರ ಭತ್ಯೆ ತಡೆಹಿಡಿದರೆ ವಿಚಾರಣೆಯೇ ಬಿದ್ದುಹೋಗಬಹುದು. ಕೋಲಾರ ಚಿನ್ನದ ಗಣಿಯ ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾಧಿಕಾರಿ ಎಂ. ಪಾಲ್ ಆಂಟನಿ ಅವರಿಗೆ ಅಮಾನತಿನ ಅವಧಿಯಲ್ಲಿ ಈ ಭತ್ಯೆ ದೊರೆಯಲಿಲ್ಲ. ಹಣವಿಲ್ಲದೆ ಕೇರಳದಿಂದ ವಿಚಾರಣೆಗೆ ಬರಲಾಗದಿದ್ದಾಗ ಏಕಪಕ್ಷೀಯವಾಗಿ ವಿಚಾರಣೆ ಮುಗಿಸಿ ವಜಾ ಮಾಡಲಾಯಿತು. 1999ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ವಿಚಾರಣೆ ದೋಷಪೂರಿತವೆಂದಿತು. ಅವರಿಗೆ ಹುದ್ದೆ ಮರಳಿ ದೊರೆಯಿತು.

ದೂರು ನಿಜವೇ ಆಗಿದ್ದರೂ ಕ್ರಮ ತಪ್ಪಿದರೆ ಪ್ರಕರಣ ಹೀಗೆ ಕೈತಪ್ಪುತ್ತದೆ. ಆದುದರಿಂದ ಸದಸ್ಯರು ನಿರ್ಣಯದೊಡನೆ ಬಿಲ್ಲು, ವೋಚರ್, ಅಳತೆ ಪುಸ್ತಕದ ಪ್ರತಿಗಳನ್ನು ಲಗತ್ತಿಸಬೇಕು. ಅಮಾನತಾದ ಬಳಿಕ ದೋಷಾರೋಪಣಾ ಪಟ್ಟಿ ಜಾರಿಯಾಗಿದೆಯೇ ಎಂದು 3 ತಿಂಗಳು ತುಂಬುವ ಮೊದಲೇ ಲಿಖಿತವಾಗಿ ವಿಚಾರಿಸಬೇಕು.