ಹಲ್ಲಿ ಇನ್ನೂ ಬಾಯಿ ಹಾಕಿಲ್ಲ

ನಡೆಯುತ್ತಿರುವುದು ಹಾಗೆಯೇ ನಿಂತುಬಿಡಲಿ, ಮುಂದಿನದು ಆಗುವುದೇ ಬೇಡ ಎಂದು ನಿಮಗೆ ಎಂದಾದರೂ ಅನ್ನಿಸಿದೆಯೇ? ಕೊನೆಯ ಪರೀಕ್ಷೆ ಬರೆದು ಗೆಳತಿಯರ ಜೊತೆ ಲೋಕಲ್ ಟ್ರೇನಿನ ಬಾಗಿಲಲ್ಲಿ ನಿಂತು ಗಾಳಿ ಕುಡಿಯುವಾಗ? (ಬಾಗಿಲಲ್ಲಿ ನಿಲ್ಲಬೇಡಿ, ಅದು ಬೇರೆ ಮಾತು.)

ಅಂಥ ಕ್ಷಣವನ್ನು ಹಿಡಿದಿಡುವ ಶಿಲ್ಪವೊಂದನ್ನು ಇಂಗ್ಲಿಷ್ ಕವಿ ಜಾನ್ ಕೀಟ್ಸ್ 1819ರಲ್ಲಿ ಕಲ್ಪಿಸಿಕೊಂಡ. ಗ್ರೀಕ್ ಹೂಜಿಯನ್ನು ಕುರಿತ ಆ ಕವಿತೆ ನಮಗೆ ಬಿ.ಎ.ಯಲ್ಲಿ ಪಠ್ಯವಾಗಿತ್ತು. ಹೂಜಿಯ ಸುತ್ತ ಕೆತ್ತಿದ ಚಿತ್ರಗಳು: ಮರದಡಿ ಕೊಳಲೂದುವ ಯುವಕ, ಪ್ರೇಯಸಿಗೆ ಇನ್ನೇನು ಮುತ್ತಿಡಬೇಕು ಎನ್ನುವಷ್ಟರಲ್ಲಿ ನಿಂತುಹೋದ ಪ್ರೇಮಿ, ಬಲಿಗೆಂದು ಅಲಂಕರಿಸಿ ಕರೆದೊಯ್ಯುತ್ತಿರುವ ಕಡಸು. ಆ ಮುತ್ತು ಎಂದಿಗೂ ಸಿಗುವುದಿಲ್ಲ, ಆದರೆ ಆ ಹುಡುಗಿಗೆ ಮುಪ್ಪೂ ಇಲ್ಲ. ನಾವು ಹಿಂದಿನ ಬೆಂಚಿನಲ್ಲಿ ಕಿಸಕ್ಕೆಂದು ನಕ್ಕು, ಟಿಪ್ಪಣಿ ಬಾಯಿಪಾಠ ಮಾಡಿ ಪಾಸಾದೆವು.

ಅಂಥ ಹೂಜಿ ಎಲ್ಲೂ ಇಲ್ಲವೆಂದು ನನಗೆ ತಿಳಿದದ್ದು ಬಹಳ ತಡವಾಗಿ. ಸೊಸಿಬಿಯೊಸ್ ಎಂಬ ಶಿಲ್ಪಿಯ ಪಾತ್ರೆಯ ಚಿತ್ರವನ್ನು ಕೀಟ್ಸ್ ನಕಲು ಮಾಡಿಕೊಂಡಿದ್ದ. ಬ್ರಿಟಿಷ್ ಮ್ಯೂಸಿಯಂನಲ್ಲಿ ಪಾರ್ಥೆನಾನ್ ದೇಗುಲದ ಶಿಲ್ಪಗಳನ್ನು ಕಂಡು ಬೆರಗಾಗಿದ್ದ. ಅಲ್ಲಿಷ್ಟು ಇಲ್ಲಿಷ್ಟು ಆಯ್ದು ಹೂಜಿಯನ್ನು ಮನಸ್ಸಿನಲ್ಲೇ ಮಾಡಿದ. ಅದಕ್ಕೆ ಕೆಲವೇ ತಿಂಗಳ ಹಿಂದೆ, 1818ರ ಡಿಸೆಂಬರಿನಲ್ಲಿ, ಅವನ ತಮ್ಮ ಟಾಮ್ ಕ್ಷಯದಿಂದ ತೀರಿಕೊಂಡಿದ್ದ. ಆರೈಕೆ ಮಾಡಿದವನು ಇವನೇ. 1821ರಲ್ಲಿ, 25ನೆಯ ವಯಸ್ಸಿಗೆ, ಅದೇ ರೋಗ ಅವನನ್ನೂ ಒಯ್ದಿತು. ಇಷ್ಟನ್ನು ಮೊದಲೇ ತಿಳಿದಿದ್ದರೆ ನಾವು ಹಾಗೆ ನಗುತ್ತಿರಲಿಲ್ಲವೇನೋ.

ಕೀಟ್ಸ್ ಕಲ್ಪಿಸಿಕೊಂಡದ್ದನ್ನು ಕಣ್ಣಾರೆ ಕಾಣಬೇಕೆಂದರೆ ಬೇಲೂರಿಗೆ ಹೋಗಿ. ವಿಷ್ಣುವರ್ಧನನ ಕಾಲದಲ್ಲಿ, 1117ರಲ್ಲಿ, ಪ್ರತಿಷ್ಠೆಯಾದ ಚೆನ್ನಕೇಶವ ದೇವಾಲಯ. ಹಳೇಬೀಡು, ಸೋಮನಾಥಪುರಗಳ ಜೊತೆ 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಹೊರಗೆ 38, ಒಳಗೆ 4, ಒಟ್ಟು 42 ಮದನಿಕೆಯರು. ಗೈಡು ಕನ್ನಡಿ ಹಿಡಿದ ದರ್ಪಣಸುಂದರಿಯ ಮುಂದೆಯೇ ಎಲ್ಲರನ್ನೂ ನಿಲ್ಲಿಸುತ್ತಾನೆ. ನನಗೇನೋ ಅವಳಿಗಿಂತ ಕೋತಿಯ ಕಾಟಕ್ಕೆ ಸಿಕ್ಕವಳೇ ಹೆಚ್ಚು ಇಷ್ಟ. ಕೋತಿ ಸೀರೆ ಎಳೆಯುತ್ತಿದೆ, ಇವಳು ಹೊಡೆಯಲೆಂದು ಕೈಯೆತ್ತಿದ್ದಾಳೆ. ಆ ಏಟು ಇನ್ನೂ ಬಿದ್ದಿಲ್ಲ.

ಇದೆಲ್ಲ ಬಳಪದ ಕಲ್ಲು. ಗಣಿಯಿಂದ ತೆಗೆದಾಗ ಮೆದು, ಗಾಳಿಗೆ ಒಡ್ಡಿಕೊಂಡಂತೆ ಗಟ್ಟಿ. ಅಂದರೆ ಕುಶಲತೆ ತೋರಿಸಲು ಶಿಲ್ಪಿಗಿದ್ದ ಸಮಯವೂ ಲೆಕ್ಕದ್ದೇ. ಜಕಣಾಚಾರಿಯ ಕಥೆಯನ್ನು ನಿಮಗೆ ಅಜ್ಜಿ ಹೇಳಿರಬಹುದು, ಅದು ಐತಿಹ್ಯ. ಆದರೆ ಬಳ್ಳಿಗಾವಿಯ ದಾಸೋಜ ಮತ್ತು ಅವನ ಮಗ ಚಾವಣ ನಿಜವಾಗಿ ಇದ್ದವರು, ತಮ್ಮ ವಿಗ್ರಹಗಳ ಕೆಳಗೆ ಹೆಸರು ಕೊರೆದಿದ್ದಾರೆ. ಅದೂ ಕನ್ನಡದಲ್ಲಿ. ಮನೆಯ ಬಾಗಿಲ ಮೇಲಿನ ಹೆಸರನ್ನೂ ಕನ್ನಡದಲ್ಲಿ ಓದಲು ತಡವರಿಸುವ ನಮ್ಮ ಮಕ್ಕಳಿಗೆ ಇದು ಗೊತ್ತಿರಲಿ ಎಂದು ಹೇಳಿದೆ, ಕೋಪ ಬೇಡ.

ಮದನಿಕೆಯೊಬ್ಬಳ ತಲೆಯ ಮೇಲೆ ಬಳ್ಳಿಯ ಚಪ್ಪರ. ಅಲ್ಲೊಂದು ಹಣ್ಣು, ಹಣ್ಣಿನ ಮೇಲೆ ನೊಣ, ನೊಣದ ಮೇಲೆ ಹಾರಲು ಹೊಂಚುಹಾಕಿದ ಹಲ್ಲಿ. ಕಳೆದ ಬಾರಿ ಹೋದಾಗ ಮಗಳಿಗೆ ತೋರಿಸಿದೆ. ಅಷ್ಟರಲ್ಲಾಗಲೇ ಮೊಬೈಲಿನಲ್ಲಿ ಇನ್ನೂರು ಫೋಟೋ ತೆಗೆದಿದ್ದವಳು ಕತ್ತೆತ್ತಿ ನೋಡಿ, "ಅಯ್ಯೋ ಅಮ್ಮಾ, ಪಾಪ ಈ ಹಲ್ಲಿ! ಒಂಬೈನೂರು ವರ್ಷದಿಂದ ಉಪವಾಸ!" ಎಂದಳು. ಕೀಟ್ಸನ ಬಗ್ಗೆ ನಾನು ಬರೆದ ಉತ್ತರಕ್ಕಿಂತ ಇದು ಚೆನ್ನಾಗಿತ್ತು.

"ನಿನಗೆ ಒಂದು ಶಿಲ್ಪ ಕೆತ್ತಿಸಿಕೊಡುತ್ತಾರೆ ಅಂದರೆ ಯಾವ ಕ್ಷಣ ಕೇಳ್ತೀಯಮ್ಮಾ?" ಎಂದೂ ಕೇಳಿದಳು. ನಿನ್ನನ್ನು ಮೊದಲು ಎತ್ತಿಕೊಂಡದ್ದು ಎಂದು ಅವಳಿಗೆ ಹೇಳಿದೆ. ಅದು ಸುಳ್ಳು. ನಿಜವನ್ನು ನಿಮಗೆ ಹೇಳುತ್ತೇನೆ.

1994, ಬೆಂಗಳೂರು ಸ್ಟೇಷನ್. ಮದುವೆಯಾಗಿ ಮುಂಬಯಿಗೆ ಹೊರಟಿದ್ದೆ. ಎಂ.ಎ. ಓದುತ್ತೇನೆ ಎಂದು ಅತ್ತು ಕರೆದರೂ ಅಪ್ಪ ಕೇಳದೆ ಗಂಡು ಗೊತ್ತುಮಾಡಿದ್ದರು. ಆ ಸಿಟ್ಟಿಗೆ ಹದಿನೈದು ದಿನ ಅವರೊಡನೆ ಮಾತೇ ಬಿಟ್ಟಿದ್ದೆ. ಕಿಟಕಿಯ ಹೊರಗೆ ಅವರು "ನೀರು ತರ್ಲೇನಮ್ಮಾ?" ಎಂದರು, ನಾನು ಮುಖ ತಿರುಗಿಸಿದೆ. ಆದರೂ ಸ್ಟೀಲ್ ತಂಬಿಗೆ ಹಿಡಿದು ನಲ್ಲಿಯತ್ತ ಹೋದರು. ಗಾಡಿ ಹೊರಟಿತು. ಪಂಚೆ ಎತ್ತಿಕೊಂಡು, ತುಳುಕುವ ತಂಬಿಗೆಯನ್ನು ಮುಂದೆ ಚಾಚಿ, ಆ ವಯಸ್ಸಿನಲ್ಲಿ ಓಡಿಬಂದರು. ನಾನೂ ಕೈ ಚಾಚಿದೆ.

ತಂಬಿಗೆ ಸಿಕ್ಕಿತು, ಅರ್ಧ ನೀರು ನನ್ನ ಸೀರೆಯ ಮೇಲೆ. ಏನಾದರೂ ಹೇಳಬೇಕೆಂದು ಬಾಯಿ ತೆರೆಯುವಷ್ಟರಲ್ಲಿ ಪ್ಲಾಟ್‌ಫಾರಂ ಮುಗಿದಿತ್ತು. ಎರಡು ವರ್ಷದ ನಂತರ ಅಪ್ಪ ಹೋದರು. ನಡುವೆ ಪತ್ರಗಳು ಬರೆದೆವು, ಎರಡು ಸಲ ಹೋಗಿಬಂದೆ, ಅಡಿಗೆ, ಆರೋಗ್ಯ ಎಲ್ಲ ಮಾತಾಡಿದೆವು. ಆ ಹದಿನೈದು ದಿನದ ಮಾತನ್ನು ಇಬ್ಬರೂ ಎತ್ತಲಿಲ್ಲ.

ನನಗೆ ಬೇಕಾದದ್ದು ತಂಬಿಗೆ ಕೈಗೆ ಬಂದ ಕ್ಷಣವಲ್ಲ, ಅದಕ್ಕೆ ಮುಂಚಿನದು. ಅವರ ಕೈಗೂ ನನ್ನ ಕೈಗೂ ನಡುವೆ ನಾಲ್ಕು ಬೆರಳಿನ ಅಂತರ, ನಾನಾಗಲೇ ಅವರತ್ತ ಬಗ್ಗಿರುವುದು. ದಾಸೋಜ ಆಗಿದ್ದರೆ ತುಳುಕಿದ ನೀರಿನ ಹನಿಯನ್ನೂ ಬಿಡುತ್ತಿರಲಿಲ್ಲ.

ರಜೆಗೆ ಊರಿಗೆ ಹೋದಾಗ ಬೇಲೂರಿಗೊಂದು ದಿನ ಇಡಿ. ಮದನಿಕೆಯರು ಸೂರಿನ ಕೆಳಗೆ ಎತ್ತರದಲ್ಲಿದ್ದಾರೆ, ಮನೆಯಲ್ಲಿ ಬೈನಾಕ್ಯುಲರ್ ಇದ್ದರೆ ಒಯ್ಯಿರಿ. ಹಲ್ಲಿ ಯಾರ ತಲೆಯ ಮೇಲಿದೆ ಎಂದು ನಾನು ಹೇಳುವುದಿಲ್ಲ. ಹುಡುಕಿಕೊಳ್ಳಿ. ಅಪ್ಪನನ್ನೂ ಕರೆದುಕೊಂಡು ಹೋಗಿ.